ಜಾಗದ ತಕರಾರಿಗೆ ಪೊಲೀಸ್ ರಕ್ಷಣೆ ಸಿಗುತ್ತಾ?

ಶಿರಸಿ ಕಡೆ ತೋಟದ ಬೇಲಿನ ಪಕ್ಕದವ್ರು ಕಿತ್ತು ಹಾಕ್ತಾರೆ, ಸ್ಟೇಷನ್‌ಗೆ ಹೋದ್ರೆ ಸಿವಿಲ್ ಮ್ಯಾಟರ್ ಅಂತ ಹಿಂಬರಹ ಕೊಟ್ಟು ಕಳಿಸ್ತಾರೆ ಅಂದಿದೀರಿ. ಅವ್ರು ಹೇಳೋದು ಅರ್ಧ ಸರಿ. ಗಡಿ ಯಾರದ್ದು ಅಂತ ತೀರ್ಮಾನ ಮಾಡೋ ಅಧಿಕಾರ ಪೊಲೀಸರಿಗಿಲ್ಲ, ಆದ್ರೆ ಹೊಡಿತೀನಿ ಕಡಿತೀನಿ ಅಂತ ಬಂದಿದ್ರೆ, ಅಡಿಕೆ ಕೊನೆ ಕೊಯ್ಕೊಂಡು ಹೋಗಿದ್ರೆ ಅದು ಕ್ರಿಮಿನಲ್, ಅದಕ್ಕೆ ಬೇರೆ ದೂರು ಬರೀರಿ, ಅದ್ರಲ್ಲಿ ಅಜ್ಜನ ಕಾಲದ ಪುರಾಣ ಬೇಡ, ಯಾವತ್ತು ಎಷ್ಟೊತ್ತಿಗೆ ಯಾರು ಏನ್ ಮಾಡಿದ್ರು ಅಷ್ಟೇ.

ಜಾಗಕ್ಕೇ ರಕ್ಷಣೆ ಬೇಕಂದ್ರೆ ಕೋರ್ಟಿಂದನೇ ಬರ್ಬೇಕು. ಸಿವಿಲ್ ದಾವೆ ಹಾಕಿ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆರ್ಡರ್ 39 ರೂಲ್ 1, 2ರಲ್ಲಿ ತಾತ್ಕಾಲಿಕ ತಡೆಯಾಜ್ಞೆ ಕೇಳಿ, ಅಲ್ಲಿ ಮುಖ್ಯವಾಗಿ ಸ್ವಾಧೀನ ನಿಮ್ದು ಅಂತ ತೋರಿಸ್ಬೇಕು, ಪಹಣಿ ಜೊತೆ ಹದ್ದುಬಸ್ತು ಸ್ಕೆಚ್ (ಸರ್ವೆಯವ್ರು ಗಡಿ ಅಳೆದು ಕೊಡೋ ನಕ್ಷೆ) ಇದ್ರೆ ಗಟ್ಟಿ. ಆರ್ಡರ್ ಆದ್ಮೇಲೂ ನುಗ್ಗಿದ್ರೆ ಅದೇ ಕೋರ್ಟಲ್ಲಿ ಸೆಕ್ಷನ್ 151ರಡಿ ಪೊಲೀಸ್ ನೆರವು ಕೇಳ್ಬಹುದು, ತಡೆಯಾಜ್ಞೆ ಮೀರಿದ್ದಕ್ಕೆ ಆರ್ಡರ್ 39ರ ರೂಲ್ 2ಎ ಅರ್ಜಿನೂ ಹಾಕ್ಬಹುದು, ಅದ್ರಲ್ಲಿ 3 ತಿಂಗಳವರೆಗೆ ಸಿವಿಲ್ ಜೈಲು ಇದೆ. ಅಷ್ಟಾದ್ರೂ ಪೊಲೀಸ್ರು ಅಲ್ಲಾಡದಿದ್ರೆ ಅವ್ರಿಗೆ ನಿರ್ದೇಶನ ಕೊಡಿ ಅಂತ ಹೈಕೋರ್ಟಲ್ಲಿ ರಿಟ್ ಅರ್ಜಿ, ನಮ್ ಜಿಲ್ಲೆಗೆ ಧಾರವಾಡ ಪೀಠ.

ಬೇಲಿ ಇರೋದು ಸೊಪ್ಪಿನ ಬೆಟ್ಟದಲ್ಲಾದ್ರೆ (ತೋಟಕ್ಕೆ ಸೊಪ್ಪು ತರೋಕೆ ಅಂತ ಬಿಟ್ಟಿರೋ ಸರ್ಕಾರಿ ಕಾಡು) ಮಾತ್ರ ಕತೆನೇ ಬೇರೆ, ಅಲ್ಲಿ ನಮಗಿರೋದು ಸೊಪ್ಪು, ದರಕು (ಒಣಗಿ ಬಿದ್ದ ಎಲೆ) ತರೋ ಸವಲತ್ತು, ಮಾಲೀಕತ್ವ ಅಲ್ಲ, ವಕೀಲರಿಗೆ ಮೊದ್ಲೇ ಹೇಳ್ಬಿಡಿ.