ಜಪಾನಿನ ಹಳೇ ಹಿಟಾಚಿ ತರಿಸಲು ಯೆನ್ ಇನ್ನೂ ಇಳಿಯಲಿ ಅಂತ ಕಾಯಬೇಕೇ?

ಜಪಾನಿನಿಂದ ಹಳೇ ಹಿಟಾಚಿ, ಅಂದರೆ ಮಣ್ಣು ಅಗೆಯುವ ಎಕ್ಸ್‌ಕವೇಟರ್, ತರಿಸಬೇಕು, ಆಮದು ಬೆಲೆಯ ಗ್ರಾಫ್ ಇಳಿಯುತ್ತಿದೆ, ಯೆನ್ ಕೂಡ ಬಿದ್ದಿದೆ, ಈಗಲೇ ತರಿಸಲೋ ಆರು ತಿಂಗಳು ಕಾಯಲೋ ಅಂತ ಕೇಳಿದ್ದೀರಿ, ಜೊತೆಗೆ ರಫ್ತು ಬೆಲೆಯ ಗ್ರಾಫನ್ನೂ ಹಾಕಿದ್ದೀರಿ. 2018ರ ಅಕ್ಟೋಬರಿನಲ್ಲಿ ನಾನೂ ಇದೇ ಪ್ರಶ್ನೆ ಹಿಡಿದು ಕೂತಿದ್ದೆ.

ತುಮಕೂರು ಜಿಲ್ಲೆಯಲ್ಲಿ ಕೆರೆ ಹೂಳೆತ್ತುವ ಸಬ್ ಕಾಂಟ್ರಾಕ್ಟ್ ನನ್ನದು. ಸ್ವಂತಕ್ಕೆ ಒಂದು ಜೆಸಿಬಿ ಇತ್ತು. 20 ಟನ್ನಿನ ದೊಡ್ಡ ಮಷೀನು ಬಾಡಿಗೆಗೆ ತರುತ್ತಿದ್ದೆ. ಬಾಡಿಗೆ ಕೊಟ್ಟು ಕೊಟ್ಟು ಸಾಕಾಗಿ, ಜಪಾನಿನ ಹರಾಜಿನಲ್ಲಿ ಒಂದು ಹಿಡಿಯೋಣ ಅಂತ ಹೊರಟೆ. ಆಗ 100 ಯೆನ್‌ಗೆ 65 ರೂಪಾಯಿ ಆಸುಪಾಸು. ದಿನಾ ಬೆಳಿಗ್ಗೆ ಮೊಬೈಲಿನಲ್ಲಿ ರೇಟು ನೋಡುವುದೇ ಕೆಲಸವಾಯಿತು. ಮಾರ್ಚಿಗೆ 62.50ಕ್ಕೆ ಬಂತು, ತಗೊಂಡೆ. 2006ರ ಮಾಡೆಲ್, 20 ಲಕ್ಷ ಯೆನ್, ಅಂದರೆ ಹನ್ನೆರಡೂವರೆ ಲಕ್ಷ ರೂಪಾಯಿ. ಐದು ತಿಂಗಳು ಕಾದು ಉಳಿಸಿದ್ದು 50 ಸಾವಿರ.

ನಾನು ಕೆಟ್ಟಿದ್ದು ಇದರ ಮುಂದಿನ ಹೆಜ್ಜೆಯಲ್ಲಿ. ಇದನ್ನು ನಿಧಾನವಾಗಿ ಓದಿ. ಹರಾಜಿನಲ್ಲಿ ಕೊಟ್ಟ ದುಡ್ಡಿನ ಮೇಲೇ ಕಸ್ಟಮ್ಸ್ ಸುಂಕ ಬೀಳುತ್ತದೆ ಅಂತ ನಾನು ಲೆಕ್ಕ ಹಾಕಿದ್ದೆ. ಹನ್ನೆರಡೂವರೆ ಲಕ್ಷಕ್ಕೆ ಹಡಗಿನ ಬಾಡಿಗೆ, ವಿಮೆ ಎರಡೂವರೆ ಲಕ್ಷ ಸೇರಿಸಿದರೆ 15 ಲಕ್ಷ. ಮೂಲ ಸುಂಕ ಶೇ. 7.5, ಅದರ ಮೇಲೆ ಶೇ. 10ರಷ್ಟು ಸರ್‌ಚಾರ್ಜ್, ಆಮೇಲೆ ಎಲ್ಲಾ ಸೇರಿದ ಮೊತ್ತದ ಮೇಲೆ ಶೇ. 18 ಐಜಿಎಸ್‌ಟಿ (ಆಮದಿನ ಮೇಲೆ ಬೀಳುವ ಜಿಎಸ್‌ಟಿ). ಒಟ್ಟು ಶೇ. 27.7ರಷ್ಟು, ಅಂದರೆ ನಾಲ್ಕು ಲಕ್ಷದ ಹದಿನಾರು ಸಾವಿರ. ಅಷ್ಟು ದುಡ್ಡು ಬೇರೆ ಎತ್ತಿಟ್ಟು ನೆಮ್ಮದಿಯಿಂದ ಇದ್ದೆ.

ಆದರೆ ಹಳೇ ಮಷೀನಿನ ಬಿಲ್ಲು ನೋಡಿ ಕಸ್ಟಮ್ಸ್ ಅಧಿಕಾರಿಗೆ ಅನುಮಾನ ಬಂದರೆ ಆ ಬೆಲೆ ನಿಲ್ಲುವುದಿಲ್ಲ. ಆ ಮಷೀನು ಹೊಸದಿದ್ದಾಗ ಎಷ್ಟಿತ್ತು ಅಂತ ಹಿಡಿದು, ಅದರಿಂದ ಸವಕಳಿ ಕಳೆಯುತ್ತಾರೆ. ಮೊದಲ ವರ್ಷಕ್ಕೆ ಶೇ. 16, ಎರಡನೆಯದಕ್ಕೆ 12, ಮೂರನೆಯದಕ್ಕೆ 10, ಆಮೇಲೆ ವರ್ಷಕ್ಕೆ 8. ಆದರೆ ಎಷ್ಟೇ ಹಳೆಯದಾದರೂ ಶೇ. 70ಕ್ಕಿಂತ ಹೆಚ್ಚು ಕಳೆಯುವಂತಿಲ್ಲ. ಕೂಡಿ ನೋಡಿ, ಏಳನೇ ವರ್ಷಕ್ಕೇ 70 ಮುಟ್ಟುತ್ತದೆ. ಏಳು ವರ್ಷದ ಮಷೀನಿಗೂ ಹದಿಮೂರು ವರ್ಷದ್ದಕ್ಕೂ ಕಸ್ಟಮ್ಸ್ ಕಣ್ಣಲ್ಲಿ ಒಂದೇ ಲೆಕ್ಕ. ನಾನು ಹಳೆಯದಾದಷ್ಟೂ ಅಗ್ಗ ಅಂತ ಹುಡುಕಿ ಹುಡುಕಿ 2006ರದ್ದು ತಂದಿದ್ದೆ! ಹೊಸದರ ಬೆಲೆ 1 ಕೋಟಿ 40 ಲಕ್ಷ ಯೆನ್ ಅಂತ ಹಿಡಿದರು. ಅದರ ಶೇ. 30 ಅಂದರೆ 42 ಲಕ್ಷ ಯೆನ್, ನಾನು ಕೊಟ್ಟಿದ್ದರ ಎರಡರಷ್ಟಕ್ಕಿಂತ ಜಾಸ್ತಿ. ಸುಂಕ ಎಂಟು ಲಕ್ಷದ ಹತ್ತಿರ ಹೋಯಿತು. ಐಜಿಎಸ್‌ಟಿ ಭಾಗ ಇನ್‌ಪುಟ್ ಕ್ರೆಡಿಟ್ ಆಗಿ, ಅಂದರೆ ಮುಂದೆ ಕಟ್ಟಬೇಕಾದ ಜಿಎಸ್‌ಟಿಯಲ್ಲಿ ವಜಾ ಆಗಿ, ವಾಪಸ್ ಸಿಗುತ್ತದೆ, ನಿಜ. ಆದರೆ ಮಷೀನು ಬಿಡಿಸಿಕೊಳ್ಳುವ ದಿನ ಕೈಯಲ್ಲಿ ಪೂರ್ತಿ ದುಡ್ಡು ಇರಲೇಬೇಕಲ್ಲ.

ಇದನ್ನು ವಾದಿಸಿ ಗೆಲ್ಲಬಹುದಿತ್ತೇನೋ, ಆದರೆ ನನ್ನ ಹತ್ತಿರ ಕಾಗದ ಇರಲಿಲ್ಲ. ಹಡಗು ಹತ್ತಿಸುವ ಮುಂಚೆ ಜಪಾನಿನಲ್ಲೇ ಚಾರ್ಟರ್ಡ್ (ಮಾನ್ಯತೆ ಪಡೆದ) ಎಂಜಿನಿಯರ್ ಹತ್ತಿರ ಮಷೀನು ತಪಾಸಣೆ ಮಾಡಿಸಿ ರಿಪೋರ್ಟ್ ತಗೊಳ್ಳಬೇಕು. ತಯಾರಾದ ವರ್ಷ, ಹೊಸದಿದ್ದಾಗಿನ ಬೆಲೆ, ಈಗಿನ ಸ್ಥಿತಿ, ರಿಪೇರಿ ಆಗಿದೆಯಾ, ಇನ್ನೆಷ್ಟು ವರ್ಷ ಬಾಳುತ್ತದೆ, ಎಲ್ಲವೂ ಅದರಲ್ಲಿ ಬರುತ್ತದೆ. ಹರಾಜಿನವರು ಮಷೀನಿನ ಸ್ಥಿತಿ ಬರೆದು ಕೊಡುವ ಶೀಟ್ ಸಾಕು ಅಂದ ಏಜೆಂಟ್, ನಾನೂ ಖರ್ಚು ಉಳಿಯಿತು ಅಂತ ಸುಮ್ಮನಾದೆ.

ಬಂದರಿನ ಯಾರ್ಡಿನಲ್ಲಿ ಇಲ್ಲಿನ ಎಂಜಿನಿಯರ್ ತಪಾಸಣೆಗೆ ಬಂದ ದಿನ ನಾನು ಪಕ್ಕದಲ್ಲೇ ನಿಂತಿದ್ದೆ. ಕ್ಯಾಬಿನ್ ಗಾಜಿನ ಮೇಲೆ ಜಪಾನಿ ಅಕ್ಷರದಲ್ಲಿ ಹರಾಜಿನ ನಂಬರ್ ಇನ್ನೂ ಹಾಗೇ ಇತ್ತು. ಎಷ್ಟು ಗಂಟೆ ಓಡಿದೆ ಅಂತ ತೋರಿಸುವ ಅವರ್ ಮೀಟರ್ 7,412 ತೋರಿಸುತ್ತಿತ್ತು. ಕಂಪನಿಯ ನಂಬರ್ ಪ್ಲೇಟಿನ ಮೇಲೂ ಯಾರೋ ಹಳದಿ ಬಣ್ಣ ಹೊಡೆದಿದ್ದರು. ಎಂಜಿನಿಯರ್ ಜೇಬಿನಿಂದ ಒಂದು ರೂಪಾಯಿ ನಾಣ್ಯ ತೆಗೆದು ಬಣ್ಣ ಕೆರೆದರು. ಸೀರಿಯಲ್ ನಂಬರ್ ಕಾಣಿಸಿತು, ವರ್ಷ ಎಲ್ಲೂ ಇಲ್ಲ. ಜಪಾನಿನ ಒಳಗೆ ಮಾರಿದ ಎಷ್ಟೋ ಮಷೀನುಗಳಲ್ಲಿ ಹೀಗೇ. ಸೀರಿಯಲ್ ನಂಬರಿನಿಂದ ವರ್ಷ ಪತ್ತೆ ಮಾಡಿ, ಅದಕ್ಕೆ ಪುರಾವೆ ತರಿಸುವಷ್ಟರಲ್ಲಿ ವಾರಗಳು ಹೋದವು.

ಏಪ್ರಿಲ್ 26ಕ್ಕೆ ಇಳಿದ ಮಷೀನು ಟ್ರೇಲರ್ ಹತ್ತಿದ್ದು ಜೂನ್ 3ಕ್ಕೆ. ಯಾರ್ಡಿನ ಬಾಡಿಗೆಯೇ 1 ಲಕ್ಷ 90 ಸಾವಿರ. ಊರಿಗೆ ಬರುವಷ್ಟರಲ್ಲಿ ಕೆರೆಗೆ ನೀರು ಬಂದಿತ್ತು. ಒಪ್ಪಿಕೊಂಡಿದ್ದ ಎರಡೂ ಕೆರೆ ಬೇರೆಯವರ ಪಾಲಾಗಿದ್ದವು. ಸಾಲದ ಮೊದಲ ಕಂತು ಕಟ್ಟಲು ಹೆಂಡತಿಯ ಬಳೆ ಅಡ ಇಟ್ಟೆ. ಆ ದಿನ ಮನೆಯಲ್ಲಿ ಯಾರೂ ಮಾತಾಡಲಿಲ್ಲ.

ಅದಕ್ಕೇ ನಿಮ್ಮ ಪ್ರಶ್ನೆಯೇ ತಪ್ಪು ಅಂತ ಹೇಳುತ್ತಿದ್ದೇನೆ. ನೀವು ನೋಡುತ್ತಿರುವ ಸರಾಸರಿ ಆಮದು ಬೆಲೆ ಅಂದರೆ ಒಟ್ಟು ಮೌಲ್ಯವನ್ನು ಮಷೀನುಗಳ ಸಂಖ್ಯೆಯಿಂದ ಭಾಗಿಸಿದ್ದು. ಕಸ್ಟಮ್ಸ್‌ನವರು ಸರಕಿಗೆ ಕೊಡುವ 842952 ಅನ್ನುವ ಒಂದೇ ಕೋಡಿನಲ್ಲಿ ಮೂರು ಟನ್ನಿನ ಮಿನಿಯೂ ಇದೆ, ಗಣಿಯ ನೂರು ಟನ್ನಿನದ್ದೂ ಇದೆ, ಹೊಸದೂ ಹಳೆಯದೂ ಇದೆ. ಮಿನಿ ಜಾಸ್ತಿ ಬಂದ ತಿಂಗಳು ಗ್ರಾಫ್ ಇಳಿಯುತ್ತದೆ, ಗಣಿಯವರು ನಾಲ್ಕು ತರಿಸಿದ ತಿಂಗಳು ಏರುತ್ತದೆ. ನಿಮ್ಮ 20 ಟನ್ನಿನ ಮಷೀನಿಗೆ ಅದರಿಂದ ಏನೂ ತಿಳಿಯುವುದಿಲ್ಲ. ರಫ್ತಿನ ಗ್ರಾಫ್ ಜೊತೆ ಹೋಲಿಸಿದ್ದೀರಿ, ಅದನ್ನಂತೂ ಬಿಟ್ಟೇಬಿಡಿ. ನಮ್ಮ ದೇಶದ ಕಾರ್ಖಾನೆಗಳಿಂದ ಹೊರಗೆ ಹೋಗುವ ಹೊಸ ಮಷೀನಿಗೂ ನೀವು ತರಿಸುವ ಹಳೇ ಮಷೀನಿಗೂ ಸಂಬಂಧವಿಲ್ಲ. ಯೆನ್ ಇಳಿದರೆ ಲಾಭವಿಲ್ಲ ಅಂತಲ್ಲ, ಇದೆ. ಆದರೆ ಅದು ಸಾವಿರಗಳ ಲೆಕ್ಕ, ಸೀಸನ್ ತಪ್ಪಿದರೆ ಲಕ್ಷಗಳ ಲೆಕ್ಕ. ಹೂಳಿನ ಕೆಲಸ ಇರುವುದು ಜನವರಿಯಿಂದ ಮೇ ತನಕ. ಮಷೀನು ಡಿಸೆಂಬರಿಗೆ ಮನೆ ಮುಂದೆ ನಿಂತಿರಬೇಕು.

ಒಂದೇ ಮಷೀನು ಬೇಕಿದ್ದರೆ ನಾನು ಜಪಾನಿನಿಂದ ತರಿಸಿ ಅನ್ನುವುದಿಲ್ಲ. ಟಾಟಾ ಹಿಟಾಚಿ ಧಾರವಾಡದಲ್ಲೇ ತಯಾರಾಗುತ್ತದೆ. ಇಲ್ಲೇ ಓಡಿದ ಐದಾರು ವರ್ಷದ್ದು ನೋಡಿ. ಬೂಮ್ (ದೊಡ್ಡ ತೋಳು) ಪಿನ್ನು ಅಲ್ಲಾಡಿಸಿ, ಟ್ರ್ಯಾಕ್ ಚೈನ್ ನೋಡಿ, ಒಂದು ಗಂಟೆ ಓಡಿಸಿ ಹೈಡ್ರಾಲಿಕ್ ಪಂಪ್ ಎಷ್ಟು ಬಿಸಿಯಾಗಿದೆ ಅಂತ ನೋಡಿ ತಗೊಳ್ಳಬಹುದು. ನನ್ನ ಮಷೀನಿನ ಡಿಸ್‌ಪ್ಲೇ ಪೂರ್ತಿ ಜಪಾನಿ ಭಾಷೆಯಲ್ಲಿತ್ತು. ಎರರ್ ಬಂದಾಗಲೆಲ್ಲ ಆಪರೇಟರ್ ಹುಡುಗ ಫೋಟೋ ತೆಗೆದು ಕಳಿಸಿ ಕಾಯುತ್ತಿದ್ದ. 2021ರಲ್ಲಿ ಮಾರಿದೆ.

ಇಲ್ಲ, ತರಿಸುವುದೇ ಸೈ ಅಂತಾದರೆ ದುಡ್ಡು ಕಳಿಸುವ ಮುಂಚೆ ಮಾಡೆಲ್, ಸೀರಿಯಲ್ ನಂಬರ್, ಹೊಸದಿದ್ದಾಗಿನ ಬೆಲೆ ಇಲ್ಲಿ ಬರೆಯಿರಿ. ಕಸ್ಟಮ್ಸ್‌ನಲ್ಲಿ ಎಷ್ಟಕ್ಕೆ ನಿಲ್ಲಬಹುದು ಅಂತ ಲೆಕ್ಕ ಹಾಕಿ ಕೊಡುತ್ತೇನೆ.