ಡೋಡೋ ಪಾತ್ರದ ನಟಿ ಆಮೇಲೆ ಏನಾದರು?
ಕಾಲದಲ್ಲಿ ಸಂಚರಿಸುವ 'ಡಾಕ್ಟರ್' ಎಂಬಾತನ ಕಥೆ ಹೇಳುವ ಬಿಬಿಸಿಯ 'ಡಾಕ್ಟರ್ ಹೂ' ಟಿವಿ ಧಾರಾವಾಹಿಯಲ್ಲಿ ಅವನ ಜೊತೆಗಾತಿ ಡೋಡೋ ಯಾಕೆ ದಿಢೀರ್ ಮಾಯವಾದಳು, ಆ ನಟಿ ಆಮೇಲೆ ಏನಾದರು ಅಂತ ಕೇಳಿದ್ದೀರಿ. ಅವರು ಮ್ಯಾಂಚೆಸ್ಟರ್‌ನ ಜಾಕಿ ಲೇನ್. 1966ರಲ್ಲಿ ಕೆಲವೇ ತಿಂಗಳು ಆ ಪಾತ್ರ ಮಾಡಿದರು. ಶುರುವಿನಲ್ಲಿ ಡೋಡೋ ಉತ್ತರ ಇಂಗ್ಲೆಂಡಿನ ಧಾಟಿಯಲ್ಲಿ ಮಾತಾಡುತ್ತಿದ್ದಳು. ಬಿಬಿಸಿಯ ಮೇಲಿನವರಿಗೆ ಹಿಡಿಸದೆ ಅದನ್ನು ಬದಲಾಯಿಸಿದರು.

ಡೋಡೋಳ ಬೀಳ್ಕೊಡುಗೆಯಂತೂ ನನ್ನ ಪ್ರಕಾರ ತೀರಾ ಅನ್ಯಾಯ. 'ದಿ ವಾರ್ ಮಷೀನ್ಸ್' ಕಥೆಯ ಎರಡನೇ ಕಂತಿನಲ್ಲೇ ವಿಶ್ರಾಂತಿಗೆಂದು ಅವಳನ್ನು ಹಳ್ಳಿಗೆ ಕಳಿಸಿಬಿಡುತ್ತಾರೆ. ಅವಳು ಲಂಡನ್ನಿನಲ್ಲೇ ಉಳಿಯುತ್ತಾಳಂತೆ ಅನ್ನೋ ಸುದ್ದಿಯನ್ನು ಕೊನೆಗೆ ಅದೇ ಕಥೆಯ ಪಾಲಿ ಎಂಬ ಹುಡುಗಿ ಬಂದು ಡಾಕ್ಟರ್‌ಗೆ ಮುಟ್ಟಿಸುತ್ತಾಳೆ. ಒಂದು ವಿದಾಯದ ದೃಶ್ಯವೂ ಇಲ್ಲ!

ಮುಂದೆ ಜಾಕಿ ನಟರ ಏಜೆಂಟ್ ಆದರು. ಮುಂದೆ ಡಾಕ್ಟರ್ ಪಾತ್ರ ಮಾಡಿದ ನಟ ಟಾಮ್ ಬೇಕರ್ ಅವರ ಕಂಠದಾನದ ಕೆಲಸ ನೋಡಿಕೊಂಡವರೂ ಇವರೇ. 2021ರಲ್ಲಿ ತೀರಿಕೊಂಡರು. ಅವರ ಅಭಿನಯ ನೋಡಬೇಕಿದ್ದರೆ ಇದೇ ಧಾರಾವಾಹಿಯ 'ದಿ ಆರ್ಕ್' ಕಥೆ ನೋಡಿ, ಅದರ ನಾಲ್ಕೂ ಕಂತು ಕಳೆದುಹೋಗದೆ ಉಳಿದಿವೆ. ಡೋಡೋಳ ನೆಗಡಿಯಿಂದಲೇ ಇಡೀ ಬಾಹ್ಯಾಕಾಶ ಹಡಗಿನವರು ಕಾಯಿಲೆ ಬೀಳುವ ಕಥೆ ಅದು.