ನರ್ಸಿಂಗ್ ಪರೀಕ್ಷೆಗೆ ದೇಹದ್ರವ, ಕಿಡ್ನಿ ಅಧ್ಯಾಯ ಓದುತ್ತಿದ್ದೇನೆ. ಎಷ್ಟು ಬಾಯಿಪಾಠ ಮಾಡಿದರೂ ಅಂಕಿಗಳು ಮರೆತುಹೋಗುತ್ತವೆ, ಏನು ಮಾಡಲಿ?

ಬಾಯಿಪಾಠ ಬಿಡಿ, ಲೆಕ್ಕ ಮಾಡಿ. ಇಲ್ಲಿ ನೆನಪಿಡಲೇಬೇಕಾದ ಅಂಕಿಗಳು ಕೆಲವೇ. ಉಳಿದವು ಅವುಗಳಿಂದಲೇ ಹುಟ್ಟುತ್ತವೆ.

ಬಿಳಿ ಹಾಳೆ ತಗೊಂಡು 70 ಕಿಲೋ ತೂಕದ ಗಂಡಸಿನಿಂದ ಶುರು ಮಾಡಿ. ತೂಕದ ಶೇ 60 ನೀರು, ಅಂದರೆ 42 ಲೀಟರ್. ಮೂರರಲ್ಲಿ ಎರಡು ಪಾಲು, 28 ಲೀಟರ್, ಜೀವಕೋಶಗಳ ಒಳಗೆ. 14 ಲೀಟರ್ ಹೊರಗೆ. ಹೊರಗಿನದರಲ್ಲಿ ಸುಮಾರು ಕಾಲು ಭಾಗ, ಮೂರೂವರೆ ಲೀಟರ್, ಪ್ಲಾಸ್ಮಾ, ಅಂದರೆ ರಕ್ತದ ದ್ರವಭಾಗ. ಹೆಂಗಸರಲ್ಲಿ ನೀರು ಶೇ 50ರ ಆಸುಪಾಸು, ಏಕೆಂದರೆ ಕೊಬ್ಬಿನಲ್ಲಿ ನೀರು ಕಡಿಮೆ. ಈಗತಾನೇ ಹುಟ್ಟಿದ ಕೂಸಿನಲ್ಲಿ ಶೇ 75.

ಈಗ ಇದೇ ಹಾಳೆಯ ಮೇಲೆ ಒಂದು ಲೀಟರ್ ಡ್ರಿಪ್ ಹಾಕಿ ನೋಡಿ. ನಾರ್ಮಲ್ ಸಲೈನ್ (ಉಪ್ಪುನೀರು) ಆದರೆ ಅದರ ಸೋಡಿಯಂ ಕೋಶದೊಳಗೆ ನಿಲ್ಲುವುದಿಲ್ಲ, ಕೋಶದ ಪೊರೆಯಲ್ಲಿರುವ ಪಂಪ್ ಹೊರಗೆ ತಳ್ಳುತ್ತದೆ. ಹಾಗಾಗಿ ನೀರೂ ಹೊರಗಿನ 14 ಲೀಟರಿನಲ್ಲೇ ಹಂಚಿಹೋಗುತ್ತದೆ. ರಕ್ತನಾಳದಲ್ಲಿ ಉಳಿಯುವುದು ಕಾಲು ಭಾಗ, 250 ಮಿಲಿ. ಶೇ 5ರ ಡೆಕ್ಸ್‌ಟ್ರೋಸ್ ಆದರೆ ಗ್ಲೂಕೋಸನ್ನು ಕೋಶಗಳು ಬಳಸಿಕೊಂಡ ಮೇಲೆ ಉಳಿಯುವುದು ಬರೀ ನೀರು. ಅದು 42 ಲೀಟರಿಗೂ ಹರಡುತ್ತದೆ, ಪ್ಲಾಸ್ಮಾ ಪಾಲಿಗೆ ಹನ್ನೆರಡರಲ್ಲಿ ಒಂದು, ಸುಮಾರು 80 ಮಿಲಿ. ಬಾಟಲಿಯಲ್ಲಿ ಐಸೋಟಾನಿಕ್ (ರಕ್ತದಷ್ಟೇ ಸಾಂದ್ರ), ದೇಹದಲ್ಲಿ ಹೈಪೋಟಾನಿಕ್ (ರಕ್ತಕ್ಕಿಂತ ತೆಳು) ಎನ್ನುವ ಮಾತಿನ ಅರ್ಥ ಇಷ್ಟೇ. ರಕ್ತಸ್ರಾವದಿಂದ ಬಿಪಿ ಬಿದ್ದವರಿಗೆ ಡೆಕ್ಸ್‌ಟ್ರೋಸ್ ಏಕೆ ಸಾಲದು ಎಂಬ ಪ್ರಶ್ನೆಗೆ ಉತ್ತರವೂ ಇದೇ. ಈ ಒಂದು ಲೆಕ್ಕವನ್ನು ಪುಸ್ತಕ ನೋಡದೆ ಮಾಡಲು ಬಂದರೆ ಅರ್ಧ ಅಧ್ಯಾಯ ನಿಮ್ಮ ಕೈಯಲ್ಲಿದೆ.

ಕಿಡ್ನಿಗೂ ಹಾಗೆಯೇ. ನಿಮಿಷಕ್ಕೆ 125 ಮಿಲಿ ಸೋಸುತ್ತದೆ ಎಂಬುದಷ್ಟೇ ನೆನಪಿರಲಿ. 1440 ನಿಮಿಷದಿಂದ ಗುಣಿಸಿದರೆ ದಿನಕ್ಕೆ 180 ಲೀಟರ್. ಮೂತ್ರ ಬರುವುದು ಒಂದೂವರೆ ಲೀಟರ್. ಶೇ 99ಕ್ಕೂ ಹೆಚ್ಚು ವಾಪಸ್ ರಕ್ತಕ್ಕೆ, ಅದರಲ್ಲಿ ಸುಮಾರು ಮೂರರಲ್ಲಿ ಎರಡು ಪಾಲು ಮೊದಲ ನಳಿಕೆಯಾದ ಪಿಸಿಟಿಯಲ್ಲೇ. ಮೂತ್ರದಲ್ಲಿ ಸಕ್ಕರೆ ಕಾಣಿಸಿಕೊಳ್ಳುವ ಮಟ್ಟವೂ 180, ಆದರೆ ಅದು ರಕ್ತದ ಡೆಸಿಲೀಟರಿಗೆ ಮಿಲಿಗ್ರಾಂ. ಎರಡನ್ನೂ ಯೂನಿಟ್ ಸಮೇತ ಬರೆಯದಿದ್ದರೆ ಗೊಂದಲ ಖಂಡಿತ.

ಹೆಚ್ಚು ಜನ ಎಡವುವುದು ಕಿಡ್ನಿಯ ಮೇಲೆ ಕೆಲಸ ಮಾಡುವ ಎರಡು ಹಾರ್ಮೋನುಗಳಾದ ಎಡಿಎಚ್ ಮತ್ತು ಆಲ್ಡೋಸ್ಟೆರಾನ್ ನಡುವೆ. ಎಡಿಎಚ್ ಹಿಡಿದಿಡುವುದು ನೀರನ್ನು ಮಾತ್ರ, ಆದ್ದರಿಂದ ಅದು ಅತಿಯಾದರೆ ರಕ್ತದ ಸೋಡಿಯಂ ತೆಳುವಾಗಿ ಲೀಟರಿಗೆ 135 ಮಿಲಿಇಕ್ವಿವಲೆಂಟ್‌ಗಿಂತ (mEq) ಕೆಳಗಿಳಿಯುತ್ತದೆ. ಆಲ್ಡೋಸ್ಟೆರಾನ್ ಸೋಡಿಯಂ ಹಿಡಿದಾಗ ನೀರೂ ಹಿಂದೆ ಬರುತ್ತದೆ, ಹಾಗಾಗಿ ಸೋಡಿಯಂ ಮಟ್ಟ ಹೆಚ್ಚು ಬದಲಾಗದು. ಆದರೆ ಅದು ಅತಿಯಾದರೆ ಪೊಟ್ಯಾಸಿಯಂ ಮೂತ್ರದಲ್ಲಿ ಹೋಗಿ ರಕ್ತದಲ್ಲಿ ಲೀಟರಿಗೆ 3.5 mEqಗಿಂತ ಇಳಿಯಬಹುದು.

ರಕ್ತದ ರಿಪೋರ್ಟಿನಲ್ಲಿ ಪೊಟ್ಯಾಸಿಯಂ ಏಕಾಏಕಿ ಹೆಚ್ಚು ಬಂದಿದೆ, ರೋಗಿ ಆರಾಮಾಗಿದ್ದಾರೆ, ಇಸಿಜಿಯೂ ಸರಿಯಿದೆ ಎಂಬ ಪ್ರಶ್ನೆ ಬಂದರೆ ಮೊದಲು ಸ್ಯಾಂಪಲ್ ಹೀಮೊಲೈಸ್ ಆಗಿದೆಯೇ, ಅಂದರೆ ಅದರ ಕೆಂಪುಕಣ ಒಡೆದಿವೆಯೇ ಎಂದು ಯೋಚಿಸಿ. ಕೋಶದೊಳಗೆ ಪೊಟ್ಯಾಸಿಯಂ ಲೀಟರಿಗೆ ಸುಮಾರು 140 mEq. ರಕ್ತ ಎಳೆಯುವಾಗ ಒಂದಿಷ್ಟು ಕೆಂಪುಕಣ ಒಡೆದರೂ ರಿಪೋರ್ಟ್ ಏರುತ್ತದೆ.

ದಿನಾ ರಾತ್ರಿ ಈ ಹಾಳೆಯನ್ನು ಹೊಸದಾಗಿ ಬರೆಯಿರಿ, ಹತ್ತು ನಿಮಿಷ ಸಾಕು. ಎಲ್ಲಿ ಪೆನ್ನು ನಿಲ್ಲುತ್ತದೋ ಆ ಪುಟವನ್ನಷ್ಟೇ ತೆರೆದು ಓದಿ.